ಎಲ್‌ಟಿಪಿ: ಸಿನಾಪ್ಸ್ ಬಲಗೊಳ್ಳುವುದು ಎಂದರೇನು, ಅದನ್ನು ಅಳೆಯುವುದು ಹೇಗೆ?

[ತೆರೆ: ಕಪ್ಪು ಹಿನ್ನೆಲೆ. ಎಡದಿಂದ ಬಲಕ್ಕೆ ಒಂದೊಂದಾಗಿ ಮೂಡುವ ಬಿಳಿ ಚುಕ್ಕಿಗಳು, ಎಲ್ಲವೂ 100ರ ಗೆರೆಯ ಆಸುಪಾಸು. ನಡುವೆ ಒಂದು ಬಾಣದ ಗುರುತು. ಅಲ್ಲಿಂದ ಮುಂದೆ ಚುಕ್ಕಿಗಳು 150ರ ಹತ್ತಿರ ನಿಲ್ಲುತ್ತವೆ.]

ನಮಸ್ಕಾರ. ಈ ಗ್ರಾಫಿನ ಒಂದೊಂದು ಚುಕ್ಕಿಯೂ ಒಂದೊಂದು ಅಳತೆ. ಇಲಿಯ ಮೆದುಳಿನ ತೆಳು ಹೋಳಿನಲ್ಲಿ ನರತಂತುಗಳ ಒಂದು ಕಟ್ಟಿಗೆ ಅರ್ಧ ನಿಮಿಷಕ್ಕೊಮ್ಮೆ ಪುಟ್ಟ ವಿದ್ಯುತ್ ಸ್ಪಂದ ಕೊಟ್ಟು, ಆಚೆ ಬದಿಯ ನರಕೋಶಗಳು ಎಷ್ಟು ಪ್ರತಿಕ್ರಿಯಿಸಿದವು ಎಂದು ದಾಖಲಿಸಿದ್ದು. ಬಾಣದ ಗುರುತು ಇರುವಲ್ಲಿ ಮಾತ್ರ ಒಂದು ಸೆಕೆಂಡಿನೊಳಗೆ ನೂರು ಸ್ಪಂದ ಕೊಟ್ಟಿದ್ದಾರೆ. ಆಮೇಲೆ ಮತ್ತೆ ಅರ್ಧ ನಿಮಿಷಕ್ಕೊಂದು, ಮೊದಲಿನಷ್ಟೇ ಬಲದ್ದು. ಆದರೂ ಪ್ರತಿಕ್ರಿಯೆ ಒಂದೂವರೆ ಪಟ್ಟಾಗಿದೆ. ಗಂಟೆ ಕಳೆದರೂ ಇಳಿದಿಲ್ಲ.

ಇದರ ಹೆಸರು ಲಾಂಗ್ ಟರ್ಮ್ ಪೊಟೆನ್ಶಿಯೇಶನ್. ಲ್ಯಾಬಿನ ಮಾತಿನಲ್ಲಿ ಎಲ್‌ಟಿಪಿ. ನರಕೋಶಗಳ ನಡುವಿನ ಸಂಧಿ, ಅಂದರೆ ಸಿನಾಪ್ಸ್, ಅಲ್ಪ ಹೊತ್ತಿನ ಬಿರುಸಾದ ಚಟುವಟಿಕೆ ಕಂಡ ಮೇಲೆ ಬಹುಕಾಲ ಹೆಚ್ಚು ಬಲವಾಗಿ ಸಂಕೇತ ದಾಟಿಸುವುದೇ ಎಲ್‌ಟಿಪಿ. ಈ ವ್ಯಾಖ್ಯೆಯಲ್ಲಿ ನೆನಪು ಎಂಬ ಮಾತು ಬರಲಿಲ್ಲ, ಬರಕೂಡದು. ಎಲ್‌ಟಿಪಿ ಅನ್ನುವುದು ಅಳೆದು ತೋರಿಸಬಹುದಾದ ಒಂದು ಬದಲಾವಣೆಯ ಹೆಸರು. ನೆನಪಿಗೂ ಅದಕ್ಕೂ ಇರುವ ಸಂಬಂಧವನ್ನು ಪ್ರಯೋಗದಿಂದ ಸಾಧಿಸಬೇಕು, ವ್ಯಾಖ್ಯೆಯೊಳಗೆ ತುರುಕುವ ಹಾಗಿಲ್ಲ. ಸಾಮಾಜಿಕ ಮಾಧ್ಯಮಗಳಲ್ಲಿ "ಎಲ್‌ಟಿಪಿ ಹೆಚ್ಚಿಸಿಕೊಳ್ಳಿ, ನೆನಪು ಚುರುಕಾಗುತ್ತದೆ" ಎಂಬ ಮಾತು ಕಂಡರೆ, ಹೇಳಿದವರು ಈ ಎರಡನ್ನು ಬೆರೆಸಿಬಿಟ್ಟಿದ್ದಾರೆ ಎಂದೇ ಅರ್ಥ.

[ತೆರೆ: ನಾರ್ವೆಯ ನಕಾಶೆ, ಓಸ್ಲೊ ಗುರುತು. ಕೆಳಗೆ 1966, 1973, 1975.]

ಓಸ್ಲೊದಲ್ಲಿ ಪೆರ್ ಆಂಡರ್ಸನ್ ಅವರ ಪ್ರಯೋಗಾಲಯ. 1966ರಲ್ಲಿ ಅಲ್ಲಿ ಟೆರ್ಯೆ ಲೋಮೊ ಮೊಲದ ಹಿಪೊಕ್ಯಾಂಪಸ್ ಎಂಬ ಮೆದುಳಿನ ಭಾಗದ ಮೇಲೆ ಕೆಲಸ ಮಾಡುತ್ತಿದ್ದಾಗ ಈ ಬದಲಾವಣೆ ಕಣ್ಣಿಗೆ ಬಿತ್ತು. ಮುಂದೆ ಬ್ರಿಟನ್ನಿನ ಟಿಮ್ ಬ್ಲಿಸ್ ಬಂದು ಸೇರಿದರು. ಇಬ್ಬರ ವಿವರವಾದ ವರದಿ ಪ್ರಕಟವಾದದ್ದು 1973ರಲ್ಲಿ. ಅರಿವಳಿಕೆ ಕೊಟ್ಟ 18 ಮೊಲಗಳ ಪೈಕಿ 15ರಲ್ಲಿ ಪ್ರತಿಕ್ರಿಯೆ ಏರಿತ್ತು, ಆ ಏರಿಕೆ ಅರ್ಧ ಗಂಟೆಯಿಂದ 10 ಗಂಟೆಯವರೆಗೆ ಉಳಿದಿತ್ತು. ಆ ವರದಿಯ ಕೊನೆಯ ಮಾತು ನನಗೆ ಬಹಳ ಮುಖ್ಯವೆನಿಸುತ್ತದೆ. ಒಟ್ಟೊಟ್ಟಿಗೆ ಕೊಟ್ಟ ಕೃತಕ ಸ್ಪಂದಗಳಿಂದ ಹೊರಬಿದ್ದ ಈ ಗುಣವನ್ನು ಪ್ರಾಣಿ ತನ್ನ ನಿಜ ಬದುಕಿನಲ್ಲಿ ಬಳಸಿಕೊಳ್ಳುತ್ತದೆಯೋ ಇಲ್ಲವೋ ಎಂಬುದು ಬೇರೆಯೇ ಪ್ರಶ್ನೆ ಎಂದು ಅವರು ಹೇಳಿದ್ದರು. ಕಂಡುಹಿಡಿದವರೇ ಇಷ್ಟು ಎಚ್ಚರದಿಂದ ಮಾತಾಡಿದ್ದಾರೆ. ಎಲ್‌ಟಿಪಿ ಎಂಬ ಹೆಸರೂ ಅವರದಲ್ಲ. 1975ರಲ್ಲಿ ಡಗ್ಲಸ್ ಮತ್ತು ಗೊಡಾರ್ಡ್ ಇಲಿಗಳ ಮೇಲಿನ ತಮ್ಮ ಅಧ್ಯಯನದಲ್ಲಿ ಈ ಹೆಸರು ಬಳಸಿದರು, ಅದೇ ಉಳಿಯಿತು.

[ತೆರೆ: ಸಿನಾಪ್ಸ್‌ನ ಅನಿಮೇಷನ್. ಮೇಲೆ ಕಳಿಸುವ ನರಕೋಶದ ತುದಿ, ಕೆಳಗೆ ಪಡೆಯುವ ನರಕೋಶದ ಮೊಗ್ಗಿನಂಥ ಮುಳ್ಳು. ಮುಳ್ಳಿನ ಮೇಲೆ ಎರಡು ಬಣ್ಣದ ಬಾಗಿಲುಗಳು.]

ಒಳಗೆ ಏನಾಗುತ್ತದೆ? ಹಿಪೊಕ್ಯಾಂಪಸ್‌ನ ಸಿಎ1 ಎಂಬ ಭಾಗವನ್ನು ತೆಗೆದುಕೊಳ್ಳೋಣ, ಜಗತ್ತಿನಲ್ಲಿ ಅತಿ ಹೆಚ್ಚು ಅಧ್ಯಯನವಾಗಿರುವ ಸಿನಾಪ್ಸ್‌ಗಳು ಇರುವುದು ಅಲ್ಲೇ. ಸಂಕೇತ ಕಳಿಸುವ ನರಕೋಶ ಗ್ಲುಟಮೇಟ್ ಎಂಬ ರಾಸಾಯನಿಕವನ್ನು ಬಿಡುಗಡೆ ಮಾಡುತ್ತದೆ. ಪಡೆಯುವ ಕಡೆ ಅದಕ್ಕೆ ಎರಡು ಬಗೆಯ ಗ್ರಾಹಕಗಳಿವೆ, ಆಂಪಾ ಮತ್ತು ಎನ್‌ಎಂಡಿಎ. ಆಂಪಾ ಸರಳ. ಗ್ಲುಟಮೇಟ್ ಬಂದು ಅಂಟಿದ ಕೂಡಲೇ ತೆರೆಯುತ್ತದೆ, ಸೋಡಿಯಂ ಒಳಬರುತ್ತದೆ, ವೋಲ್ಟೇಜ್ ತುಸು ಏರುತ್ತದೆ. ದಿನನಿತ್ಯದ ಸಂಕೇತವೆಲ್ಲ ಬಹುಮಟ್ಟಿಗೆ ಇದರ ಕೆಲಸ.

ಎನ್‌ಎಂಡಿಎ ಹಾಗಲ್ಲ. ನರಕೋಶ ವಿಶ್ರಾಂತಿಯಲ್ಲಿರುವಾಗ, ಅಂದರೆ ಸುಮಾರು ಮೈನಸ್ 70 ಮಿಲಿವೋಲ್ಟ್‌ನಲ್ಲಿ, ಅದರ ರಂಧ್ರದಲ್ಲಿ ಮೆಗ್ನೀಸಿಯಂ ಅಯಾನು ಬಿರಡೆಯಂತೆ ಕೂತಿರುತ್ತದೆ. ಗ್ಲುಟಮೇಟ್ ಅಂಟಿದರೂ ಏನೂ ಹರಿಯುವುದಿಲ್ಲ. ವೋಲ್ಟೇಜ್ ಸಾಕಷ್ಟು ಏರಿದರೆ ಮಾತ್ರ ಮೆಗ್ನೀಸಿಯಂ ಹೊರಕ್ಕೆ ತಳ್ಳಿಸಿಕೊಳ್ಳುತ್ತದೆ, ಆಗ ಕ್ಯಾಲ್ಸಿಯಂ ಒಳನುಗ್ಗುತ್ತದೆ. ಹಾಗಾಗಿ ಎರಡು ಷರತ್ತು ಒಂದೇ ಗಳಿಗೆಯಲ್ಲಿ ಕೂಡಿಬರಬೇಕು. ಆಚೆಯಿಂದ ಗ್ಲುಟಮೇಟ್ ಬರಬೇಕು, ಈಚೆ ಕೋಶ ಆಗಲೇ ಉದ್ದೀಪನಗೊಂಡಿರಬೇಕು. ಅರ್ಧ ನಿಮಿಷಕ್ಕೊಂದು ಸ್ಪಂದ ಕೊಟ್ಟರೆ ಎರಡನೆಯ ಷರತ್ತು ಈಡೇರುವುದಿಲ್ಲ. ಸೆಕೆಂಡಿಗೆ ನೂರು ಕೊಟ್ಟಾಗ ಒಂದರ ಪರಿಣಾಮ ಇಳಿಯುವ ಮೊದಲೇ ಮುಂದಿನದು ಬಂದು ಸೇರಿ ವೋಲ್ಟೇಜ್ ಮೇಲೇರುತ್ತದೆ. ಗ್ರಾಫಿನ ಆ ಬಾಣದ ಗುರುತಿಗೆ ಅಷ್ಟು ಶಕ್ತಿ ಬಂದದ್ದು ಇದರಿಂದ.

ಪಠ್ಯಪುಸ್ತಕಗಳು ಎಲ್‌ಟಿಪಿಯ ಗುಣಗಳೆಂದು ಹೇಳುವ ಸಂಗತಿಗಳೂ ಈ ಒಂದೇ ಗ್ರಾಹಕದಿಂದ ಹುಟ್ಟುತ್ತವೆ. ಕೆಲವೇ ತಂತುಗಳನ್ನು ಉದ್ದೀಪಿಸಿದರೆ ವೋಲ್ಟೇಜ್ ಸಾಲದು, ಎಲ್‌ಟಿಪಿ ಬರುವುದಿಲ್ಲ. ಹಲವು ತಂತುಗಳು ಜೊತೆಗೂಡಬೇಕು. ಗ್ಲುಟಮೇಟ್ ಬೀಳದ ಪಕ್ಕದ ಸಿನಾಪ್ಸ್ ಅದೇ ಕೋಶದ ಮೇಲಿದ್ದರೂ ಬಲಗೊಳ್ಳುವುದಿಲ್ಲ. ಇನ್ನೊಂದು, ಎಲ್ಲಕ್ಕಿಂತ ಸೊಗಸಾದದ್ದು: ತಾನಾಗಿ ಎಲ್‌ಟಿಪಿ ತರಲಾಗದ ದುರ್ಬಲ ಸಂಕೇತವೊಂದು ಬಲವಾದ ಸಂಕೇತದ ಜೊತೆಯಲ್ಲೇ ಬಂದರೆ ಆ ದುರ್ಬಲ ಸಿನಾಪ್ಸ್ ಕೂಡ ಬಲಗೊಳ್ಳುತ್ತದೆ. ಎರಡು ಘಟನೆಗಳ ನಡುವೆ ನಂಟು ಬೆಸೆಯಬಲ್ಲ ಸಾಧನ ಮೆದುಳಿನಲ್ಲಿ ಇರಲೇಬೇಕು ಎಂದು ಮನೋವಿಜ್ಞಾನಿ ಡೊನಾಲ್ಡ್ ಹೆಬ್ 1949ರಲ್ಲೇ ವಾದಿಸಿದ್ದರು. ಅದಕ್ಕೆ ತಕ್ಕ ಅಣುವೊಂದು ಸಿಕ್ಕಿದ್ದು 1980ರ ದಶಕದಲ್ಲಿ.

ಒಳಬಂದ ಕ್ಯಾಲ್ಸಿಯಂ ಕ್ಯಾಮ್‌ಕೆ-2 ಎಂಬ ಕಿಣ್ವವನ್ನು ಎಬ್ಬಿಸುತ್ತದೆ. ಈ ಕಿಣ್ವ ತನ್ನ ಮೇಲೆ ತಾನೇ ಫಾಸ್ಫೇಟ್ ಗುಂಪು ಕೂರಿಸಿಕೊಂಡು, ಕ್ಯಾಲ್ಸಿಯಂ ಇಳಿದ ಮೇಲೂ ಕೆಲಹೊತ್ತು ಚುರುಕಾಗಿರುತ್ತದೆ. ಫಲವಾಗಿ ಸಿನಾಪ್ಸ್‌ಗೆ ಹೊಸ ಆಂಪಾ ಗ್ರಾಹಕಗಳು ಬಂದು ಸೇರುತ್ತವೆ, ಇದ್ದವುಗಳ ವಾಹಕತೆ ಹೆಚ್ಚುತ್ತದೆ, ಮುಳ್ಳಿನ ತಲೆ ದಪ್ಪವಾಗುತ್ತದೆ. ಮುಂದಿನ ಸಲ ಅಷ್ಟೇ ಗ್ಲುಟಮೇಟ್ ಬಂದರೂ ಹೆಚ್ಚು ಪ್ರವಾಹ. ಕ್ಯಾಲ್ಸಿಯಂ ಕಡಿಮೆ ಪ್ರಮಾಣದಲ್ಲಿ ನಿಧಾನವಾಗಿ ಬಂದರೆ ಪರಿಣಾಮ ತಿರುಗುಮುರುಗು: ಸೆಕೆಂಡಿಗೆ ಒಂದರಂತೆ 900 ಸ್ಪಂದ, ಅಂದರೆ 15 ನಿಮಿಷ ಕೊಟ್ಟರೆ ಸಿನಾಪ್ಸ್ ದುರ್ಬಲಗೊಳ್ಳುತ್ತದೆ. ಅದು ಎಲ್‌ಟಿಡಿ, ಲಾಂಗ್ ಟರ್ಮ್ ಡಿಪ್ರೆಶನ್. ಖಿನ್ನತೆ ಎಂಬ ಕಾಯಿಲೆಗೂ ಈ ಹೆಸರಿಗೂ ಸಂಬಂಧವಿಲ್ಲ.

ಒಂದು ಎಚ್ಚರಿಕೆ. ಎಲ್ಲ ಎಲ್‌ಟಿಪಿಯೂ ಎನ್‌ಎಂಡಿಎಯಿಂದಲೇ ಬರುತ್ತದೆ ಎಂದುಕೊಳ್ಳಬೇಡಿ. ಅದೇ ಹಿಪೊಕ್ಯಾಂಪಸ್‌ನಲ್ಲಿ ಮಾಸಿ ಫೈಬರ್ ಎಂಬ ಬೇರೆ ತಂತುಗಳ ಸಿನಾಪ್ಸ್‌ಗಳಲ್ಲಿ ಎನ್‌ಎಂಡಿಎ ಮುಚ್ಚಿದರೂ ಎಲ್‌ಟಿಪಿ ಬರುತ್ತದೆ. ಅಲ್ಲಿ ಬದಲಾಗುವುದು ಕಳಿಸುವ ಕಡೆ, ಬಿಡುಗಡೆಯಾಗುವ ಗ್ಲುಟಮೇಟ್ ಹೆಚ್ಚುತ್ತದೆ. ಆದ್ದರಿಂದ "ಎಲ್‌ಟಿಪಿ ಆಯಿತು" ಎಂದಷ್ಟೇ ಹೇಳಿದರೆ ಮಾತು ಅರ್ಧ. ಯಾವ ಸಿನಾಪ್ಸ್‌ನಲ್ಲಿ ಎಂದು ಸೇರಿಸಿದಾಗಲೇ ಅದು ಪೂರ್ತಿ.

[ತೆರೆ: ಪ್ರಯೋಗದ ಮೇಜು. ವೈಬ್ರಟೋಮ್, ದ್ರವದ ತೊಟ್ಟಿ, ಗುಳ್ಳೆ ಬಿಡುವ ನಳಿಕೆ, ಎರಡು ಎಲೆಕ್ಟ್ರೋಡ್‌ಗಳ ಸಮೀಪ ದೃಶ್ಯ.]

ಈಗ ಪ್ರಯೋಗಕ್ಕೆ ಬರೋಣ. ನರವಿಜ್ಞಾನ ಓದುತ್ತಿರುವವರು ಇಲ್ಲಿ ನಿಧಾನಿಸಿ, ಏಕೆಂದರೆ ಎಲ್‌ಟಿಪಿ ಬಗೆಗಿನ ಹೆಚ್ಚಿನ ಗೊಂದಲಗಳು ಅಳತೆಯ ಹಂತದಲ್ಲೇ ಹುಟ್ಟುತ್ತವೆ.

ಮೊದಲು ದ್ರವ. ಕೃತಕ ಮಸ್ತಿಷ್ಕಮೇರು ದ್ರವ, ಲ್ಯಾಬಿನಲ್ಲಿ ಎಸಿಎಸ್‌ಎಫ್ ಎನ್ನುತ್ತಾರೆ. ಸಾಮಾನ್ಯ ಪಾಕ ಮಿಲಿಮೋಲಾರ್ ಲೆಕ್ಕದಲ್ಲಿ ಹೀಗೆ: ಸೋಡಿಯಂ ಕ್ಲೋರೈಡ್ 124, ಪೊಟ್ಯಾಸಿಯಂ ಕ್ಲೋರೈಡ್ 2.5ರಿಂದ 3, ಸೋಡಿಯಂ ಬೈಕಾರ್ಬನೇಟ್ 26, ಸೋಡಿಯಂ ಫಾಸ್ಫೇಟ್ 1.25, ಗ್ಲೂಕೋಸ್ 10, ಕ್ಯಾಲ್ಸಿಯಂ 2ರಿಂದ 2.5, ಮೆಗ್ನೀಸಿಯಂ ಸುಮಾರು 1.3. ಇದಕ್ಕೆ ಶೇ. 95 ಆಮ್ಲಜನಕ ಮತ್ತು ಶೇ. 5 ಇಂಗಾಲದ ಡೈಆಕ್ಸೈಡ್ ಇರುವ ಅನಿಲ ಹಾಯಿಸುತ್ತಲೇ ಇರಬೇಕು. ಆಮ್ಲಜನಕ ಹೋಳಿನ ಜೀವಕ್ಕೆ, ಡೈಆಕ್ಸೈಡ್ ಬೈಕಾರ್ಬನೇಟಿನ ಜೊತೆ ಸೇರಿ ಪಿಎಚ್ ಅನ್ನು 7.4ರ ಹತ್ತಿರ ಹಿಡಿದಿಡಲಿಕ್ಕೆ. ಕ್ಯಾಲ್ಸಿಯಂ ಹಾಕುವುದು ಅನಿಲ ಹಾಯಿಸಿದ ಮೇಲೆಯೇ. ಮೊದಲೇ ಹಾಕಿದರೆ ಪಿಎಚ್ ಹೆಚ್ಚಿರುವ ದ್ರವದಲ್ಲಿ ಅದು ಒತ್ತರಿಸಿ, ದ್ರವ ಮಬ್ಬಾಗುತ್ತದೆ. ಮಬ್ಬಾದ ದ್ರವವನ್ನು ಚೆಲ್ಲಿಬಿಡಿ, ಅದರಲ್ಲಿ ಕ್ಯಾಲ್ಸಿಯಂ ಎಷ್ಟು ಉಳಿದಿದೆಯೆಂದು ಯಾರೂ ಹೇಳಲಾರರು. ಮೆಗ್ನೀಸಿಯಂ ಅಳತೆಯಲ್ಲೂ ಅಷ್ಟೇ ಜಾಗ್ರತೆ ಬೇಕು. ಹೆಚ್ಚಾದರೆ ಎಲ್‌ಟಿಪಿ ಹುಟ್ಟುವುದು ಕಷ್ಟ, ಇಲ್ಲವೇ ಇಲ್ಲವೆಂದರೆ ಹೋಳಿನ ಕೋಶಗಳು ಅಪಸ್ಮಾರದಲ್ಲಿ ಆಗುವಂತೆ ಒಟ್ಟಾಗಿ ಸಂಕೇತ ಹೊಮ್ಮಿಸತೊಡಗುತ್ತವೆ.

ಹಿಪೊಕ್ಯಾಂಪಸ್ಸನ್ನು ಮಂಜುಗಡ್ಡೆಯಷ್ಟು ತಣ್ಣಗಿನ ದ್ರವದಲ್ಲಿ ವೈಬ್ರಟೋಮ್ ಎಂಬ ಕಂಪಿಸುವ ಅಲಗಿನ ಯಂತ್ರದಿಂದ 300ರಿಂದ 400 ಮೈಕ್ರಾನ್ ದಪ್ಪಕ್ಕೆ ಹೋಳು ಮಾಡುತ್ತಾರೆ. ಇನ್ನೂ ದಪ್ಪವಾದರೆ ನಡುವಿನ ಕೋಶಗಳಿಗೆ ಆಮ್ಲಜನಕ ತಲುಪದು, ತೀರ ತೆಳುವಾದರೆ ತಂತುಗಳು ತುಂಡಾಗುತ್ತವೆ. ಆಮೇಲೆ ಕಡಿಮೆಯೆಂದರೆ ಒಂದು ಗಂಟೆ ಹೋಳಿಗೆ ಚೇತರಿಕೆ. ಈ ಗಂಟೆಯನ್ನು ಕಡಿತ ಮಾಡಬೇಡಿ, ಚೇತರಿಸದ ಹೋಳಿನಲ್ಲಿ ಪ್ರತಿಕ್ರಿಯೆ ತಾನಾಗಿಯೇ ಏರುತ್ತ ಹೋಗಿ ಎಲ್‌ಟಿಪಿಯ ವೇಷ ಹಾಕುತ್ತದೆ.

ಪ್ರಯೋಗದ ತೊಟ್ಟಿಯಲ್ಲಿ ತಾಪಮಾನ ಸಾಮಾನ್ಯವಾಗಿ 30ರಿಂದ 32 ಡಿಗ್ರಿ ಸೆಲ್ಸಿಯಸ್, ದ್ರವದ ಹರಿವು ನಿಮಿಷಕ್ಕೆ 2ರಿಂದ 3 ಮಿಲಿಲೀಟರ್. ಹಿಪೊಕ್ಯಾಂಪಸ್‌ನ ಇನ್ನೊಂದು ಭಾಗವಾದ ಸಿಎ3ರಿಂದ ಸಿಎ1ಕ್ಕೆ ಬರುವ ತಂತುಗಳಿಗೆ ಶಾಫರ್ ಕೊಲ್ಯಾಟರಲ್ ಎಂದು ಹೆಸರು. ಒಂದು ಎಲೆಕ್ಟ್ರೋಡ್ ಆ ತಂತುಗಳ ಮೇಲೆ, ದಾಖಲಿಸುವ ಗಾಜಿನ ಎಲೆಕ್ಟ್ರೋಡ್ ಅದೇ ಪದರದಲ್ಲಿ ಕೆಲವು ನೂರು ಮೈಕ್ರಾನ್ ದೂರ.

[ತೆರೆ: ಒಂದು ಅಲೆ ದೊಡ್ಡದಾಗಿ. ಮೂರು ಭಾಗಗಳಿಗೆ ಮೂರು ಬಣ್ಣ.]

ತೆರೆಯ ಮೇಲಿನ ಅಲೆಯನ್ನು ಎಡದಿಂದ ಓದಿ. ಮೊದಲ ಚೂಪು ಗೆರೆ ಸ್ಪಂದದ್ದೇ, ಅದನ್ನು ಬಿಟ್ಟುಬಿಡಿ. ಅದರ ಹಿಂದೆಯೇ ಬರುವ ಪುಟ್ಟ ತಗ್ಗು ಫೈಬರ್ ವಾಲಿ, ಎಷ್ಟು ತಂತುಗಳು ಉದ್ದೀಪನಗೊಂಡವು ಎಂಬುದರ ಗುರುತು. ಆಮೇಲಿನ ದೊಡ್ಡ ತಗ್ಗು ಸಿನಾಪ್ಸ್‌ಗಳ ಒಟ್ಟು ಪ್ರತಿಕ್ರಿಯೆ, ಫೀಲ್ಡ್ ಇಪಿಎಸ್‌ಪಿ. ಅಳೆಯಬೇಕಾದ್ದು ಈ ತಗ್ಗಿನ ಆರಂಭದ ಇಳಿಜಾರನ್ನು, ಆಳವನ್ನಲ್ಲ. ಆಳಕ್ಕೆ ಹೋಗುವ ಹೊತ್ತಿಗೆ ಕೋಶಗಳು ಸ್ವತಃ ಸಂಕೇತ ಹೊಮ್ಮಿಸಲು ಶುರುಮಾಡಿ ಅಲೆಯ ಆಕಾರ ಕೆಡಿಸಿರುತ್ತವೆ. ಉದಾಹರಣೆಗೆ, ಇಳಿಜಾರು ಮಿಲಿಸೆಕೆಂಡಿಗೆ 0.4 ಮಿಲಿವೋಲ್ಟ್ ಇದ್ದದ್ದು 0.6 ಆದರೆ ಶೇ. 150 ಎಂದು ಬರೆಯುತ್ತೇವೆ.

ಸ್ಪಂದದ ಬಲವನ್ನು ಹಂತಹಂತವಾಗಿ ಏರಿಸಿ ಗರಿಷ್ಠ ಪ್ರತಿಕ್ರಿಯೆ ಎಷ್ಟೆಂದು ನೋಡಿಕೊಂಡು, ಅದರ ಶೇ. 30ರಿಂದ 50ರಷ್ಟು ಬರುವ ಬಲದಲ್ಲಿ ನಿಲ್ಲಿಸುತ್ತಾರೆ. ಗರಿಷ್ಠದ ಹತ್ತಿರ ಇಟ್ಟರೆ ಏರಲು ಜಾಗವೇ ಇರದು. ಆ ಮೇಲೆ 20 ಅಥವಾ 30 ನಿಮಿಷ, 20ರಿಂದ 30 ಸೆಕೆಂಡಿಗೆ ಒಂದು ಸ್ಪಂದ. ಇದು ತಳರೇಖೆ. ಚುಕ್ಕಿಗಳ ಸಾಲು ಮಟ್ಟವಾಗಿದ್ದರೆ ಮಾತ್ರ ಮುಂದುವರಿಯಬೇಕು, ಹತ್ತುತ್ತಲೋ ಇಳಿಯುತ್ತಲೋ ಇದ್ದರೆ ಆ ಹೋಳನ್ನು ಬಿಟ್ಟುಬಿಡುವುದೇ ಸರಿ. ನಂತರ ಪ್ರಚೋದನೆ: 100 ಹರ್ಟ್ಸ್‌ನಲ್ಲಿ, ಅಂದರೆ ಸೆಕೆಂಡಿಗೆ ನೂರರ ವೇಗದಲ್ಲಿ, ಒಂದು ಸೆಕೆಂಡು. ಇಲ್ಲವೇ ಥೀಟಾ ಬರ್ಸ್ಟ್, ಅಂದರೆ 100 ಹರ್ಟ್ಸ್‌ನಲ್ಲಿ ನಾಲ್ಕೇ ಸ್ಪಂದಗಳ ಗೊಂಚಲು, ಇಂಥ ಹತ್ತು ಗೊಂಚಲುಗಳು 200 ಮಿಲಿಸೆಕೆಂಡು ಅಂತರದಲ್ಲಿ. ಈ 200ಕ್ಕೆ ಕಾರಣವಿದೆ. ಮೊದಲ ಗೊಂಚಲು ಸುತ್ತಲಿನ ತಡೆಯುವ ನರಕೋಶಗಳನ್ನೂ ಎಬ್ಬಿಸುತ್ತದೆ. ಆದರೆ ಅವು ಬಿಟ್ಟ ಗಾಬಾ ಎಂಬ ತಡೆ ರಾಸಾಯನಿಕ ಅವುಗಳ ತುದಿಗೇ ಮರಳಿ ಅಂಟಿ, ಸುಮಾರು 200 ಮಿಲಿಸೆಕೆಂಡಿನ ಹೊತ್ತಿಗೆ ಅವನ್ನು ಮಂಕಾಗಿಸಿರುತ್ತದೆ. ಎರಡನೆಯ ಗೊಂಚಲು ಸರಿಯಾಗಿ ಆಗ ಬಂದರೆ ತಡೆ ಕಡಿಮೆ, ವೋಲ್ಟೇಜ್ ಹೆಚ್ಚು. ಇಲಿ ಹೊಸ ಜಾಗದಲ್ಲಿ ಓಡಾಡುವಾಗ ಅದರ ಹಿಪೊಕ್ಯಾಂಪಸ್‌ನಲ್ಲಿ ಕಾಣುವ ಥೀಟಾ ಎಂಬ ವಿದ್ಯುತ್ ಅಲೆಗಳ ಲಯಕ್ಕೂ ಇದು ಹತ್ತಿರ, ಹಾಗಾಗಿ ನನಗೆ ಈ ವಿಧಾನವೇ ಹೆಚ್ಚು ಒಪ್ಪಿಗೆ.

ಪ್ರಚೋದನೆಯ ನಂತರ ಕಡಿಮೆಯೆಂದರೆ 60 ನಿಮಿಷ ದಾಖಲಿಸಬೇಕು. ಮೊದಲ ಕೆಲವು ನಿಮಿಷಗಳ ಎತ್ತರದ ಚುಕ್ಕಿಗಳು ಎಲ್‌ಟಿಪಿ ಅಲ್ಲ, ಅದು ಪೋಸ್ಟ್ ಟೆಟಾನಿಕ್ ಪೊಟೆನ್ಶಿಯೇಶನ್. ಕಳಿಸುವ ತುದಿಯಲ್ಲಿ ತಾತ್ಕಾಲಿಕವಾಗಿ ಉಳಿದ ಕ್ಯಾಲ್ಸಿಯಂನ ಫಲ. ಐದನೇ ನಿಮಿಷದ ಸಂಖ್ಯೆಯನ್ನು ಎಲ್‌ಟಿಪಿ ಎಂದು ತೋರಿಸುವ ಗ್ರಾಫ್ ಕಂಡರೆ ಒಪ್ಪಬೇಡಿ. 50ರಿಂದ 60ನೇ ನಿಮಿಷದ ಸರಾಸರಿ ಎಷ್ಟು ಎಂದು ಕೇಳಿ.

ಇನ್ನು ಮೋಸ ಮಾಡುವ ಸಂಗತಿಗಳು. ಫೈಬರ್ ವಾಲಿಯೂ ಏರಿದ್ದರೆ ಹೆಚ್ಚು ತಂತುಗಳು ಉದ್ದೀಪನಗೊಂಡಿವೆ ಅಷ್ಟೇ, ಸಿನಾಪ್ಸ್ ಬಲಗೊಂಡಿದೆ ಎನ್ನಲಾಗದು. ಎಲೆಕ್ಟ್ರೋಡ್ ತುಸು ಅಲುಗಿದರೂ ಹೀಗಾಗುತ್ತದೆ. ಒಂದೆರಡು ಡಿಗ್ರಿ ತಾಪಮಾನ ಬದಲಾದರೂ ಇಳಿಜಾರು ಬದಲಾಗುತ್ತದೆ. ಇದಕ್ಕೆಲ್ಲ ಒಳ್ಳೆಯ ಕಾವಲು ಎರಡನೆಯ ದಾರಿ: ಅದೇ ಕೋಶಗಳಿಗೆ ಬರುವ ಬೇರೊಂದು ತಂತುಕಟ್ಟಿಗೆ ಇನ್ನೊಂದು ಎಲೆಕ್ಟ್ರೋಡ್ ಇಟ್ಟು, ಅದಕ್ಕೆ ಬಿರುಸಿನ ಪ್ರಚೋದನೆ ಕೊಡದೆ ಸುಮ್ಮನೆ ಅಳೆಯುತ್ತಿರುವುದು. ಎರಡೂ ದಾರಿ ಏರಿದರೆ ಅದು ಹೋಳಿನ ಅಥವಾ ಉಪಕರಣದ ಸಮಸ್ಯೆ. ಪ್ರಚೋದಿಸಿದ ದಾರಿ ಒಂದೇ ಏರಿದರೆ ಎಲ್‌ಟಿಪಿ ಎನ್ನಲು ಆಧಾರ ಸಿಕ್ಕಿತು. ಅರಿವಳಿಕೆಯ ಆಯ್ಕೆಯನ್ನೂ ಮರೆಯುವಂತಿಲ್ಲ. ಕೆಟಮಿನ್ ಎನ್‌ಎಂಡಿಎಯನ್ನೇ ಮುಚ್ಚುವ ಮದ್ದು, ಅದನ್ನು ಬಳಸಿ ಎಲ್‌ಟಿಪಿ ಹುಡುಕುವುದು ಸಲ್ಲದು. ಅಂಕಿಅಂಶದಲ್ಲಿ ಒಂದು ತಪ್ಪು ಪದೇ ಪದೇ ನುಸುಳುತ್ತದೆ: ಮೂರು ಇಲಿಗಳ ಹನ್ನೆರಡು ಹೋಳುಗಳನ್ನು ಹನ್ನೆರಡು ಸ್ವತಂತ್ರ ಮಾದರಿಗಳೆಂದು ಎಣಿಸುವುದು. ಒಂದೇ ಇಲಿಯ ಹೋಳುಗಳು ಒಂದನ್ನೊಂದು ಹೋಲುತ್ತವೆ, ಪ್ರಾಣಿಗಳ ಸಂಖ್ಯೆ ಮೂರೇ.

[ತೆರೆ: ಕಾಲರೇಖೆ. ನಿಮಿಷ, ಗಂಟೆ, ದಿನ, ತಿಂಗಳು.]

ದೀರ್ಘ ಎಂದರೆ ಎಷ್ಟು ದೀರ್ಘ? ಒಂದು ಸಲ 100 ಹರ್ಟ್ಸ್ ಕೊಟ್ಟಾಗ ಬರುವುದು ಆರಂಭಿಕ ಎಲ್‌ಟಿಪಿ, ಸಾಮಾನ್ಯವಾಗಿ ಒಂದರಿಂದ ಮೂರು ಗಂಟೆ. ಹಲವು ನಿಮಿಷಗಳ ಅಂತರ ಬಿಟ್ಟು ಮೂರು ನಾಲ್ಕು ಸಲ ಕೊಟ್ಟರೆ ಇನ್ನೂ ಹೆಚ್ಚು ಹೊತ್ತು ಉಳಿಯುವ ತಡದ ಎಲ್‌ಟಿಪಿ ಬರುತ್ತದೆ, ಅದಕ್ಕೆ ಹೊಸ ಪ್ರೋಟೀನ್ ತಯಾರಾಗಲೇಬೇಕು. ಪ್ರೋಟೀನ್ ತಯಾರಿಕೆ ನಿಲ್ಲಿಸುವ ಅನಿಸೊಮೈಸಿನ್ ಹಾಕಿದರೆ ಪ್ರತಿಕ್ರಿಯೆ ಮೊದಲು ಏರಿ, ಗಂಟೆಗಳಲ್ಲಿ ತಳಕ್ಕೆ ಇಳಿಯುತ್ತದೆ. ಎಚ್ಚರವಿರುವ ಇಲಿಗಳ ಹಿಪೊಕ್ಯಾಂಪಸ್‌ಗೆ ಸೇರಿದ ಡೆಂಟೇಟ್ ಗೈರಸ್ ಎಂಬ ಭಾಗದಲ್ಲಿ ಒಂದು ವರ್ಷದವರೆಗೂ ಉಳಿದ ಎಲ್‌ಟಿಪಿಯನ್ನು ನ್ಯೂಜಿಲೆಂಡ್‌ನ ತಂಡವೊಂದು 2002ರಲ್ಲಿ ವರದಿ ಮಾಡಿತು.

ಹಾಗಾದರೆ ನೆನಪಿನ ಜೊತೆಗಿನ ಸಂಬಂಧ? ಸಾಕ್ಷ್ಯ ಮೆಟ್ಟಿಲು ಮೆಟ್ಟಿಲಾಗಿ ಬಂದಿದೆ. 1983ರಲ್ಲಿ ಗ್ರಹಾಂ ಕಾಲಿಂಗ್ರಿಜ್ ಮತ್ತು ಸಂಗಡಿಗರು ಎನ್‌ಎಂಡಿಎ ಮುಚ್ಚುವ ಎಪಿ5 ಎಂಬ ಮದ್ದು ಸಿಎ1ರಲ್ಲಿ ಎಲ್‌ಟಿಪಿ ಹುಟ್ಟದಂತೆ ತಡೆಯುತ್ತದೆ ಎಂದು ತೋರಿಸಿದರು. 1986ರಲ್ಲಿ ರಿಚರ್ಡ್ ಮಾರಿಸ್ ಮತ್ತು ಸಂಗಡಿಗರು ಅದೇ ಮದ್ದನ್ನು ಇಲಿಗಳ ಮೆದುಳಿಗೆ ಹರಿಸಿ, ಕಲಕಿದ ನೀರಿನ ತೊಟ್ಟಿಯಲ್ಲಿ ಈಜಲು ಬಿಟ್ಟರು. ಮುಳುಗಿಸಿಟ್ಟ ಮಣೆ ಎಲ್ಲಿದೆ ಎಂದು ಕಲಿಯಲು ಅವು ಹೆಣಗಿದವು. ನೋಡಿ ಗುರುತಿಸುವ ಬೇರೊಂದು ಕಲಿಕೆ ಮಾತ್ರ ಕೆಡಲಿಲ್ಲ. 2006ರಲ್ಲಿ ಮಾರ್ಕ್ ಬೇರ್ ಅವರ ತಂಡ ಎದುರು ದಿಕ್ಕಿನಿಂದ ಹೊರಟಿತು: ಇಲಿ ಭಯದ ಪಾಠವೊಂದನ್ನು ಕಲಿತ ಮೇಲೆ ಅದರ ಹಿಪೊಕ್ಯಾಂಪಸ್‌ನ ಕೆಲವು ತಾಣಗಳಲ್ಲಿ, ಯಾವ ಕೃತಕ ಪ್ರಚೋದನೆಯೂ ಇಲ್ಲದೆ, ಎಲ್‌ಟಿಪಿಯಂಥದೇ ಏರಿಕೆ ಕಂಡಿತು. ಬ್ಲಿಸ್ ಮತ್ತು ಲೋಮೊ ಬಿಟ್ಟುಹೋದ ಪ್ರಶ್ನೆಗೆ ಇದು ನೇರ ಉತ್ತರ. 2014ರಲ್ಲಿ ರಾಬರ್ಟೊ ಮಾಲಿನೊ ಅವರ ತಂಡ ಬೆಳಕಿನಿಂದ ನಿಯಂತ್ರಿಸಬಹುದಾದ ತಂತುಗಳನ್ನು ಬಳಸಿ, ಇಲಿಯ ಭಯದ ನೆನಪನ್ನು ಎಲ್‌ಟಿಡಿ ಪ್ರಚೋದನೆಯಿಂದ ಮರೆಯಾಗಿಸಿ, ಎಲ್‌ಟಿಪಿ ಪ್ರಚೋದನೆಯಿಂದ ಮರಳಿ ತಂದಿತು. ಇಷ್ಟೆಲ್ಲ ಆದ ಮೇಲೂ ಎಲ್‌ಟಿಪಿಯಂಥ ಬದಲಾವಣೆ ಕೆಲವು ಬಗೆಯ ನೆನಪಿಗೆ ಬೇಕು ಎನ್ನಬಹುದು, ಅಷ್ಟೇ. ನೆನಪೆಂದರೆ ಎಲ್‌ಟಿಪಿ ಎನ್ನಲಾಗದು, ಒಂದು ನೆನಪಿನಲ್ಲಿ ಯಾವ ಯಾವ ಸಿನಾಪ್ಸ್‌ಗಳು ಎಷ್ಟೆಷ್ಟು ಏರಿದವು, ಇಳಿದವು ಎಂಬ ವಿನ್ಯಾಸವೂ ಮುಖ್ಯ.

ಎಲ್‌ಟಿಪಿ ಹೆಚ್ಚಿದಷ್ಟೂ ಒಳ್ಳೆಯದು ಎಂಬ ನಂಬಿಕೆಗೆ ತಕ್ಕ ಉತ್ತರ ನಮ್ಮ ಬೆಂಗಳೂರಿನಲ್ಲೇ ಇದೆ. ಎನ್‌ಸಿಬಿಎಸ್ ಎಂಬ ಜೀವವಿಜ್ಞಾನ ಸಂಶೋಧನಾ ಸಂಸ್ಥೆಯಲ್ಲಿ ಸುಮಂತ್ರ ಚಟರ್ಜಿ ಅವರ ತಂಡ, ದಿನಗಟ್ಟಲೆ ಒತ್ತಡಕ್ಕೊಳಗಾದ ಇಲಿಗಳಲ್ಲಿ ಹಿಪೊಕ್ಯಾಂಪಸ್‌ನ ನರಕೋಶಗಳ ಕವಲುಗಳು ಕುಗ್ಗಿದರೆ, ಭಯಕ್ಕೆ ಸಂಬಂಧಿಸಿದ ಅಮಿಗ್ಡಲದಲ್ಲಿ ಅವು ಹಬ್ಬುತ್ತವೆ ಎಂದು 2002ರಲ್ಲಿ ತೋರಿಸಿತು. 2014ರ ಅಧ್ಯಯನದಲ್ಲಿ, ಒತ್ತಡದಿಂದ ಅಮಿಗ್ಡಲದಲ್ಲಿ ಹೊಸ ಸಿನಾಪ್ಸ್‌ಗಳು ಹುಟ್ಟುತ್ತವೆ, ಅಲ್ಲಿ ಎಲ್‌ಟಿಪಿಯ ಸಾಮರ್ಥ್ಯ ಹೆಚ್ಚುತ್ತದೆ, ಇಲಿಯ ಭಯವೂ ಹೆಚ್ಚುತ್ತದೆ ಎಂದು ಕಂಡುಬಂತು. ಬೆನ್ನುಹುರಿಯಲ್ಲಿ ನೋವಿನ ತಂತುಗಳ ಸಿನಾಪ್ಸ್‌ಗಳಲ್ಲೂ ಎಲ್‌ಟಿಪಿ ಬರುತ್ತದೆ, ಅಲ್ಲಿ ಅದರ ಅರ್ಥ ಹೆಚ್ಚು ನೋವು. ಹಾಗಾಗಿ "ಎಲ್‌ಟಿಪಿ ಹೆಚ್ಚಿಸುವ ಮಾತ್ರೆ" ಎಂಬ ಜಾಹೀರಾತು ಕಂಡರೆ ಮೊದಲು ಕೇಳಬೇಕಾದ್ದು, ಮೆದುಳಿನ ಯಾವ ಭಾಗದಲ್ಲಿ?

[ತೆರೆ: ಮನುಷ್ಯನ ತಲೆಯ ಬಳಿ ಹಿಡಿದ ಕಾಂತೀಯ ಸುರುಳಿಯ ರೇಖಾಚಿತ್ರ.]

ಮನುಷ್ಯರ ವಿಷಯದಲ್ಲಿ ಪದಬಳಕೆ ಇನ್ನೂ ಬಿಗಿಯಾಗಿರಬೇಕು. ಅಪಸ್ಮಾರದ ಶಸ್ತ್ರಚಿಕಿತ್ಸೆಯಲ್ಲಿ ಹೊರತೆಗೆದ ಮೆದುಳಿನ ತುಣುಕುಗಳಲ್ಲಿ ಎಲ್‌ಟಿಪಿಯನ್ನು ನೇರವಾಗಿ ದಾಖಲಿಸಿದ್ದಾರೆ, ಹಾಗಾಗಿ ನಮ್ಮಲ್ಲೂ ಅದು ಇದೆ. ಆದರೆ ಬದುಕಿ ಓಡಾಡುತ್ತಿರುವ ವ್ಯಕ್ತಿಯ ತಲೆಯ ಹೊರಗಿನಿಂದ ಕಾಂತೀಯ ಸ್ಪಂದ ಕೊಟ್ಟು, ಕೈಬೆರಳಿನ ಸ್ನಾಯುವಿನ ಪ್ರತಿಕ್ರಿಯೆ ಏರಿತೆಂದು ಅಳೆದಾಗ, ಏರಿದ್ದು ಸಿನಾಪ್ಸ್‌ನ ಬಲವೋ, ತಡೆಯುವ ಕೋಶಗಳ ಬಲ ಕುಂದಿತೋ, ಬೆನ್ನುಹುರಿಯಲ್ಲಿ ಏನಾದರೂ ಆಯಿತೋ ಎಂದು ಆ ಒಂದು ಅಳತೆಯಿಂದ ಬೇರ್ಪಡಿಸಲಾಗದು. ಅದಕ್ಕೇ ಬಲ್ಲವರು ಅಲ್ಲಿ "ಎಲ್‌ಟಿಪಿಯಂಥ ಬದಲಾವಣೆ" ಎಂದೇ ಬರೆಯುತ್ತಾರೆ. ಕನ್ನಡದಲ್ಲಿ ವಿಜ್ಞಾನದ ಸುದ್ದಿ ಬರೆಯುವವರಿಗೆ, ವಿಡಿಯೋ ಮಾಡುವವರಿಗೆ ನಮ್ಮ ಕೋರಿಕೆಯೂ ಇದೇ: ಮೂಲ ಅಧ್ಯಯನದಲ್ಲಿ ಆ "ಅಂಥ" ಇದ್ದರೆ ಅದನ್ನು ಕೈಬಿಡಬೇಡಿ. ಪ್ರಯೋಗ ಹೋಳಿನಲ್ಲಿ ಆದದ್ದೋ, ಪ್ರಾಣಿಯಲ್ಲೋ, ಮನುಷ್ಯನಲ್ಲೋ, ಯಾವ ಪ್ರಚೋದನೆ, ಎಷ್ಟು ಹೊತ್ತು ಉಳಿಯಿತು ಎಂಬುದನ್ನು ಶೀರ್ಷಿಕೆಯಲ್ಲಿ ಅಲ್ಲದಿದ್ದರೂ ಮೊದಲ ಪ್ಯಾರಾದಲ್ಲೇ ಹೇಳಿ.